ಸೌಂದರಿಯ ಅಂಗೈಯ ಅಂಕಿಗಳು: ಸಿರಿಭೂವಲಯವನ್ನು ಕುರಿತು

ಆದಿತೀರ್ಥಂಕರ ವೃಷಭನಾಥನಿಗೆ ಇಬ್ಬರು ಹೆಣ್ಣುಮಕ್ಕಳು. ಯಶಸ್ವತಿಯ ಮಗಳು ಬ್ರಾಹ್ಮಿ, ಸುನಂದೆಯ ಮಗಳು ಸೌಂದರಿ. ತಂದೆ ಬ್ರಾಹ್ಮಿಗೆ ಅಕ್ಷರವನ್ನು ಕಲಿಸಿದನು, ಸೌಂದರಿಗೆ ಅಂಕವನ್ನು ಕಲಿಸಿದನು. ಜಿನಸೇನಾಚಾರ್ಯರ ಸಂಸ್ಕೃತ ಪುರಾಣದಲ್ಲಿಯೂ ಕ್ರಿ.ಶ. 941ರಲ್ಲಿ ಪಂಪನು ಬರೆದ ಆದಿಪುರಾಣದಲ್ಲಿಯೂ ಬರುವ ಈ ಪ್ರಸಂಗವನ್ನು ನಾವು ಸಾಮಾನ್ಯವಾಗಿ ಲಿಪಿಯ ಹುಟ್ಟಿನ ಕಥೆಯಾಗಿ ಓದಿ ಮುಂದೆ ಸಾಗುತ್ತೇವೆ. ಚೆಲುವೆಂಬ ಹೆಸರನ್ನೇ ಹೊತ್ತ ಮಗಳಿಗೆ ಗಣಿತವೇ ಏಕೆ ಪಾಲಾಗಿ ಬಂದಿತೆಂದು ಕೇಳುವವರು ವಿರಳ.

ಆ ಪ್ರಶ್ನೆಯನ್ನು ಒಂದು ಇಡೀ ಗ್ರಂಥವಾಗಿ ಬೆಳೆಸಿದವನು ಸಿರಿಭೂವಲಯದ ಕರ್ತೃ ಕುಮುದೇಂದು ಮುನಿ. ಅವನ ಕೃತಿಯನ್ನು ತೆರೆದರೆ ಅಕ್ಷರಗಳಿಲ್ಲ. ಅಡ್ಡಕ್ಕೆ 27, ಉದ್ದಕ್ಕೆ 27, ಒಟ್ಟು 729 ಮನೆಗಳ ಚೌಕ. ಪ್ರತಿ ಮನೆಯಲ್ಲಿ 1ರಿಂದ 64ರ ಒಳಗಿನ ಒಂದು ಅಂಕಿ. ಒಂಬತ್ತು ಸ್ವರಗಳು ಹ್ರಸ್ವ, ದೀರ್ಘ, ಪ್ಲುತಗಳೆಂದು 27 ಆಗುತ್ತವೆ, ವರ್ಗೀಯ ವ್ಯಂಜನಗಳು 25, ಅವರ್ಗೀಯಗಳು 8, ಯೋಗವಾಹಗಳು 4, ಕೂಡಿದರೆ 64. ಒಂದೊಂದು ಅಂಕಿಯೂ ಒಂದೊಂದು ವರ್ಣ. ಆದರೆ ಸಾಲು ಹಿಡಿದು ಓದಿದರೆ ಏನೂ ಸಿಗದು. ಮೇಲಿನ ಸಾಲಿನ ನಡುಮನೆಯಿಂದ ಹೊರಟು ಓರೆಯಾಗಿ ನಡೆಯುವ ಚಕ್ರಬಂಧದ ದಾರಿಯನ್ನು ಬಲ್ಲವನಿಗೆ ಮಾತ್ರ ಕನ್ನಡ ಸಾಂಗತ್ಯದ ಪದ್ಯಗಳು ಮೇಲೇಳುತ್ತವೆ. ಆ ಪದ್ಯಗಳ ಮೊದಲ ಅಕ್ಷರಗಳನ್ನು ಮೇಲಿನಿಂದ ಕೆಳಕ್ಕೆ ಪೋಣಿಸಿದರೆ ಪ್ರಾಕೃತ, ನಡುವಿನ ಅಕ್ಷರಗಳನ್ನು ಪೋಣಿಸಿದರೆ ಸಂಸ್ಕೃತ. ಮಾಟವೆಂದರೂ ಸಲ್ಲುತ್ತದೆ, ಲೆಕ್ಕವೆಂದರೂ ಸಲ್ಲುತ್ತದೆ. ನನಗೆ ಇದು ಸೌಂದರ್ಯಮೀಮಾಂಸೆಯಾಗಿಯೇ ತೋರುತ್ತದೆ. ಅಲಂಕಾರಶಾಸ್ತ್ರಜ್ಞರು ಚೆಲುವನ್ನು ಉಕ್ತಿಯಲ್ಲಿ, ರಸದಲ್ಲಿ, ಧ್ವನಿಯಲ್ಲಿ ಅರಸಿದರು. ಈ ಮುನಿ ಅದನ್ನು ಸ್ಥಾನದಲ್ಲಿ ಇರಿಸಿದನು. ಮನೆ ತಪ್ಪಿದರೆ ಅಂಕಿ ಬರಿಯ ಅಂಕಿ.

ಈ ಗ್ರಂಥವನ್ನು ನಾಡಿಗೆ ತೋರಿಸಿದವರು ಪಂಡಿತ ಯಲ್ಲಪ್ಪ ಶಾಸ್ತ್ರಿಗಳು. ಕರ್ಲಮಂಗಲಂ ಶ್ರೀಕಂಠಯ್ಯನವರೊಡನೆ ಅವರು ಪಟ್ಟ ಶ್ರಮದಿಂದ 1953ರಲ್ಲಿ ಮೊದಲ ಭಾಗ ಅಚ್ಚಾಯಿತು. ಅಲ್ಲಿಂದಾಚೆಗೆ ಗ್ರಂಥಕ್ಕಿಂತ ಅದರ ಕೀರ್ತಿಯೇ ಹೆಚ್ಚು ಬೆಳೆಯಿತು: 718 ಭಾಷೆಗಳು, ಆರು ಲಕ್ಷ ಶ್ಲೋಕಗಳು, ಅಣುವಿಜ್ಞಾನ, ವಿಮಾನ. ಕುಮುದೇಂದು ವೀರಸೇನಾಚಾರ್ಯರ ಶಿಷ್ಯನೆಂದೂ ಅಮೋಘವರ್ಷ ನೃಪತುಂಗನ ಗುರುವೆಂದೂ ಹೇಳಿಕೆ ಹುಟ್ಟಿತು.

ಇಲ್ಲಿ ಕನ್ನಡದ ವಿದ್ಯಾರ್ಥಿ ಸುಮ್ಮನಿರಲಾಗದು. ಒಂಬತ್ತನೆಯ ಶತಮಾನದ ಕನ್ನಡದಲ್ಲಿ ಱ, ೞ ಎಂಬ ವರ್ಣಗಳು ಜೀವಂತವಾಗಿದ್ದವು. ಹದಿಮೂರನೆಯ ಶತಮಾನದ ಕೇಶಿರಾಜನ ವೇಳೆಗೆ ೞಕಾರದ ಬಳಕೆ ಮಸುಕಾಗಿ, ಅವನು ಅಂಥ ಪದಗಳನ್ನು ಪಟ್ಟಿಮಾಡಿಯೇ ಕೊಡಬೇಕಾಯಿತು. ಸಿರಿಭೂವಲಯದ 64 ವರ್ಣಗಳಲ್ಲಿ ಇವೆರಡಕ್ಕೂ ಮನೆಯಿಲ್ಲ. ಈ ಎಣಿಕೆ ಆಗಮಪರಂಪರೆಯಿಂದ ಬಂದುದು, ಕನ್ನಡದ ವರ್ಣಮಾಲೆಯಲ್ಲ ಎಂದು ಸಮಾಧಾನ ಹೇಳಬಹುದು. ಸಾಂಗತ್ಯಕ್ಕೆ ಏನು ಹೇಳುವುದು? ಹತ್ತನೆಯ ಶತಮಾನದ ಕೊನೆಯ ನಾಗವರ್ಮನ ಛಂದೋಂಬುಧಿ ತ್ರಿಪದಿ, ಏಳೆ, ಅಕ್ಕರ, ಷಟ್ಪದಗಳನ್ನು ಬಲ್ಲದು, ಸಾಂಗತ್ಯವನ್ನು ಅರಿಯದು. ಆ ಛಂದಸ್ಸು ಮೈತುಂಬಿ ಬೆಳೆದುದು ವಿಜಯನಗರದ ಕಾಲದಲ್ಲಿ, ದೇಪರಾಜನ ಸೊಬಗಿನ ಸೋನೆಯಲ್ಲಿ, ರತ್ನಾಕರವರ್ಣಿಯ ಭರತೇಶವೈಭವದಲ್ಲಿ. ನುಡಿಯಲ್ಲಿಯೂ ಪಕಾರವು ಹಕಾರವಾಗಿದೆ. ಕವಿರಾಜಮಾರ್ಗದ ಪಕ್ಕದಲ್ಲಿ ಇದನ್ನು ಇರಿಸಿ ಓದಿದವರಿಗೆ ಬೇರೆ ಪುರಾವೆ ಬೇಕಾಗದು.

ಹಸ್ತಪ್ರತಿಯ ವಿಚಾರವೂ ಅಷ್ಟೆ. ಬೆಳಕಿಗೆ ಬಂದ ಪ್ರತಿ ಕಾಗದದ್ದು, ತಾಳೆಗರಿಯದಲ್ಲ. ದಾಂಡೇಲಿಯ ಗಿರಣಿಯ ನೆರೆಯಲ್ಲಿರುವ ನಮಗೆ ಕಾಗದವೆಂದರೆ ಅನಾದಿಯೆನ್ನಿಸೀತು. ಕನ್ನಡದ ಓಲೆಗಳ ಚರಿತ್ರೆಯಲ್ಲಿ ಅದು ತಡವಾಗಿ ಬಂದ ಅತಿಥಿ. ಪ್ರತಿಯ ಪ್ರತಿ ಎಂಬ ವಾದ ಸಾಧ್ಯ, ಆದರೆ ಮೂಲದ ಕಾಲವನ್ನು ಅದು ಸಾಧಿಸಿಕೊಡುವುದಿಲ್ಲ.

ಕಾಲವನ್ನು ಆರೇಳು ಶತಮಾನ ಈಚೆಗೆ ತಂದರೆ ಜೈನಧರ್ಮಕ್ಕೆ ಅಪಚಾರವೆಂದು ನೊಂದುಕೊಳ್ಳುವ ಹಿರಿಯರಿದ್ದಾರೆ. ಅವರ ನೋವು ನನಗೆ ಅರ್ಥವಾಗುತ್ತದೆ. ಆದರೆ ಧವಳಾ ಟೀಕೆ ಒಂಬತ್ತನೆಯ ಶತಮಾನದ್ದೆಂಬುದಕ್ಕೆ ನಮಗೆ ಯಾರ ದಾಕ್ಷಿಣ್ಯವೂ ಬೇಕಾಗಿಲ್ಲ. ಮೂಡುಬಿದಿರೆಯ ತಾಳೆಗರಿಗಳು ಅದನ್ನು ಕಾಪಾಡಿಕೊಟ್ಟವು, ಹೀರಾಲಾಲ ಜೈನರಂಥವರು 1939ರಿಂದ ಸಂಪುಟ ಸಂಪುಟವಾಗಿ ಶೋಧಿಸಿ ಅಚ್ಚು ಹಾಕಿದರು. ಸಿರಿಭೂವಲಯಕ್ಕೆ ಒದಗಬೇಕಾದುದು ಅಂಥ ಸಂಪಾದನೆ. ಅಣುಬಾಂಬನ್ನು ಅದರೊಳಗೆ ಹುಡುಕುವವರಿಂದಾಗಿ ಗಂಭೀರ ವಿದ್ವಾಂಸರು ಅದರ ಹತ್ತಿರ ಸುಳಿಯಲೇ ಸಂಕೋಚಪಡುವಂತಾಯಿತು. ಹೀಗೆ ಕೈತಪ್ಪಿದುದು ಅಲ್ಪವಲ್ಲ: ಅರ್ಥ ಕೆಡದಂತೆ ಒಂದೇ ಪದ್ಯಮಾಲೆಯೊಳಗೆ ಮೂರು ಭಾಷೆಗಳನ್ನು ನೇಯ್ದು, ಅದನ್ನು ಮತ್ತೆ ಅಂಕಿಯಾಗಿಸಿ ಚೌಕದೊಳಗೆ ಹರಡಿದ ಒಬ್ಬ ಕನ್ನಡ ಕವಿ. ಚಿತ್ರಕವಿತ್ವವೆಂದು ಕಾವ್ಯಮೀಮಾಂಸಕರು ಕೆಳಗೆ ತಳ್ಳಿದ ಕಲೆಯಲ್ಲಿ ಇಷ್ಟು ದೂರ ನಡೆದ ಮತ್ತೊಬ್ಬನನ್ನು ಕನ್ನಡದಲ್ಲಿ ನಾನು ಕಂಡಿಲ್ಲ.

27 ಎಂಬುದು ಮೂರು ಒಂಬತ್ತು, 729 ಎಂಬುದು ಒಂಬತ್ತರ ಘನ. ಮೂರು ರತ್ನತ್ರಯ, ಒಂಬತ್ತು ನವಪದ. ಕುಮುದೇಂದುವಿನ ಕಥೆಯಲ್ಲಿ ತಂದೆಯು ಅಂಗೈಯ ಮೇಲೆ ಬರೆದ ಅಕ್ಷರ, ಅಂಕಗಳನ್ನು ಅಕ್ಕತಂಗಿಯರು ಹೋಲಿಸಿ ನೋಡುತ್ತಾರೆ. ಒಂಬತ್ತು ಅಂಕಿ ಮತ್ತು ಸೊನ್ನೆಯೊಳಗೆ ಅರವತ್ತನಾಲ್ಕು ಅಕ್ಷರಗಳೂ ಅಡಗಿವೆಯೆಂದು ತಿಳಿಯುತ್ತದೆ. ತನಗೆ ಕಡಿಮೆ ದೊರೆಯಿತೆಂದು ಸೌಂದರಿ ಕೊರಗಬೇಕಾದ ಕಾರಣವೇ ಅಲ್ಲಿ ಉಳಿಯುವುದಿಲ್ಲ.