ಹಳೇ ಕ್ಯಾಸೆಟ್ ಹೊಸ ಯಂತ್ರದಲ್ಲಿ ಓಡಿದ್ದು ಹೇಗೆ? ನಿಂತಿದ್ದು ಯಾಕೆ?

ಇವತ್ತಿನ ಸಂಚಿಕೆಯನ್ನ ಒಂದು ಪ್ರಶ್ನೆಯಿಂದ ಶುರು ಮಾಡೋಣ. ನಿಮ್ಮ ಮೊದಲ ಸ್ಮಾರ್ಟ್‌ಫೋನ್‌ನಲ್ಲಿ ದಿನಗಟ್ಟಲೆ ಆಡ್ತಿದ್ದ ಗೇಮ್ ಯಾವುದು? ಅದು ಇವತ್ತು ನಿಮ್ಮ ಕೈಲಿರೋ ಫೋನ್‌ನಲ್ಲಿ ಓಪನ್ ಆಗುತ್ತಾ? ಬಹಳ ಜನ "ಇಲ್ಲ" ಅಂತಾರೆ. 2017ರಲ್ಲಿ ಐಫೋನ್‌ಗೆ ಐಓಎಸ್ 11 ಬಂದಾಗ, 32 ಬಿಟ್‌ನ ಹಳೇ ಆ್ಯಪ್‌ಗಳೆಲ್ಲ ಒಂದೇ ಸಲಕ್ಕೆ ನಿಂತುಹೋದವು. ಜನ ದುಡ್ಡು ಕೊಟ್ಟು ತಗೊಂಡಿದ್ದ ಗೇಮ್‌ಗಳೂ ಅದರಲ್ಲಿದ್ದವು.

ಈಗ ಇದರ ಪಕ್ಕದಲ್ಲಿ ಇನ್ನೊಂದು ಚಿತ್ರ ಇಟ್ಟು ನೋಡಿ. 1989ರಲ್ಲಿ ಜಪಾನಿನ ಅಂಗಡಿಯಲ್ಲಿ ಮಾರಾಟವಾದ ಒಂದು ಗೇಮ್ ಕ್ಯಾಸೆಟ್. ಅದನ್ನ 2003ರಲ್ಲಿ ಬಂದ ಹೊಚ್ಚಹೊಸ ಯಂತ್ರಕ್ಕೆ ಸಿಕ್ಕಿಸಿದರೂ ಗೇಮ್ ಓಡ್ತಿತ್ತು. ಡೌನ್‌ಲೋಡ್ ಇಲ್ಲ, ಅಪ್‌ಡೇಟ್ ಇಲ್ಲ, ಪಾಸ್‌ವರ್ಡ್ ಇಲ್ಲ. ಆದರೆ 2005ರಲ್ಲಿ ಅದೇ ಕಂಪನಿ ಮಾಡಿದ, ಅದೇ 'ಗೇಮ್ ಬಾಯ್' ಹೆಸರಿನ ಯಂತ್ರದಲ್ಲಿ ಆ ಕ್ಯಾಸೆಟ್ ಓಡಲಿಲ್ಲ.

ಹದಿನಾಲ್ಕು ವರ್ಷ ನಡೆದಿದ್ದು ಯಾಕೆ, ಆಮೇಲೆ ನಿಂತಿದ್ದು ಯಾಕೆ? ಇವತ್ತು ಇದೇ ಕಥೆ.

ನಾಲ್ಕು ಸೆಲ್‌ನ ಬೂದು ಡಬ್ಬಿ

ನಮ್ಮ ಕಡೆ ಜಾತ್ರೆಯಲ್ಲಿ, ಫ್ಯಾನ್ಸಿ ಸ್ಟೋರ್‌ನಲ್ಲಿ ಬ್ರಿಕ್ ಗೇಮ್ ಅಂತ ಒಂದು ಸಿಗ್ತಿತ್ತು. ಮೇಲಿಂದ ಇಟ್ಟಿಗೆ ಬೀಳೋದು, ಡಬ್ಬಿಯ ಮೇಲೆ '9999 ಇನ್ 1' ಅಂತ ಬರೆದಿರೋದು. ನಿಮ್ಮ ಮನೆಯ ಅಟ್ಟದಲ್ಲಿ ಇನ್ನೂ ಇದ್ದರೂ ಇರಬಹುದು. ಅದರಲ್ಲಿ ಏನಿದೆಯೋ ಅಷ್ಟೇ, ಹೊಸ ಗೇಮ್ ಹಾಕೋಕೆ ಆಗಲ್ಲ. ನಿಂಟೆಂಡೊ ಕಂಪನಿಯ ಗೇಮ್ ಬಾಯ್ ಹಾಗಲ್ಲ. ಕ್ಯಾಸೆಟ್ ಬದಲಾಯಿಸಿದರೆ ಗೇಮ್ ಬದಲಾಗುತ್ತೆ. ಇಂಗ್ಲಿಷಿನಲ್ಲಿ ಅದು ಕಾರ್ಟ್ರಿಜ್, ಆದರೆ ಟಿವಿ ವಿಡಿಯೋ ಗೇಮ್ ಕಾಲದಿಂದ ನಮ್ಮ ಬಾಯಲ್ಲಿ ಅದು ಕ್ಯಾಸೆಟ್ಟೇ. ಹಾಗೇ ಕರೆಯೋಣ.

ಗೇಮ್ ಬಾಯ್ ಜಪಾನ್‌ನಲ್ಲಿ ಬಂದಿದ್ದು 1989ರ ಏಪ್ರಿಲ್ 21ಕ್ಕೆ. ಅದನ್ನ ರೂಪಿಸಿದ ತಂಡದ ಮುಖ್ಯಸ್ಥ ಗುನ್ಪೇ ಯೊಕೊಯಿ. ಈ ಮನುಷ್ಯನ ನಂಬಿಕೆ ಸರಳ: ಅತಿ ಹೊಸ ತಂತ್ರಜ್ಞಾನದ ಹಿಂದೆ ಓಡಬೇಡಿ. ಹಳತಾಗಿ, ಪಳಗಿ, ಅಗ್ಗವಾಗಿರೋದನ್ನ ತಗೊಂಡು ಅದರಿಂದಲೇ ಹೊಸದೇನಾದರೂ ಮಾಡಿ. ಹಾಗಾಗಿ ಗೇಮ್ ಬಾಯ್‌ನ ಪರದೆಗೆ ಬಣ್ಣ ಇರಲಿಲ್ಲ. ಹಸಿರು ಛಾಯೆಯ ನಾಲ್ಕೇ ನಾಲ್ಕು ಮಟ್ಟ. ಅಗಲಕ್ಕೆ 160, ಎತ್ತರಕ್ಕೆ 144 ಚುಕ್ಕಿ. ಒಳಗೆ 8 ಬಿಟ್ ಪ್ರೊಸೆಸರ್, ವೇಗ ಸುಮಾರು 4.19 ಮೆಗಾಹರ್ಟ್ಸ್. ಕೆಲಸಕ್ಕೆ ಸಿಗೋ ಮೆಮೊರಿ 8 ಕೆಬಿ. ಇವತ್ತು ನಿಮ್ಮ ವಾಟ್ಸ್‌ಆ್ಯಪ್‌ಗೆ ಬರೋ ಒಂದು ಗುಡ್ ಮಾರ್ನಿಂಗ್ ಫೋಟೊ ಅದಕ್ಕಿಂತ ಎಷ್ಟೋ ಪಟ್ಟು ದೊಡ್ಡದು.

ಅಟಾರಿ ಲಿಂಕ್ಸ್, ಸೆಗಾ ಗೇಮ್ ಗಿಯರ್ ಇವೆಲ್ಲ ಬಣ್ಣದ ಪರದೆ ಇಟ್ಟುಕೊಂಡು ಎದುರು ನಿಂತವು. ಆದರೆ ಗೇಮ್ ಗಿಯರ್ ಆರು ಸೆಲ್ ನುಂಗಿ ಕೆಲವೇ ಗಂಟೆಗಳಲ್ಲಿ ಸುಸ್ತಾಗ್ತಿತ್ತು. ಗೇಮ್ ಬಾಯ್ ನಾಲ್ಕೇ ಸೆಲ್‌ನಲ್ಲಿ ಹತ್ತು ಗಂಟೆಗೂ ಮೀರಿ ಓಡ್ತಿತ್ತು. ಹಾಸಿಗೆ ಇದ್ದಷ್ಟೇ ಕಾಲು ಚಾಚಿದವನೇ ಗೆದ್ದ. ಮುಂದೆ ಬಂದ ಕಲರ್ ಮಾದರಿಯನ್ನೂ ಸೇರಿಸಿದರೆ, ಜಗತ್ತಿನಲ್ಲಿ ಮಾರಾಟವಾದ ಗೇಮ್ ಬಾಯ್‌ಗಳು 11.8 ಕೋಟಿಗೂ ಹೆಚ್ಚು.

ಈ ಗೆಲುವೇ ಮುಂದಿನ ಸಮಸ್ಯೆಯೂ ಆಯ್ತು. ಮನೆಮನೆಯಲ್ಲಿ ಕ್ಯಾಸೆಟ್‌ಗಳ ರಾಶಿ ಇದೆ. ಈಗ ಹೊಸ ಯಂತ್ರ ತಂದು "ನಿಮ್ಮ ಹಳೇ ಕ್ಯಾಸೆಟ್ ಬಿಸಾಕಿ" ಅಂತ ಹೇಳೋದು ಹೇಗೆ?

ಬಣ್ಣ ಬಂತು, ವೇಗಕ್ಕೆ ಕಡಿವಾಣ ಬಿತ್ತು

1998ರ ಅಕ್ಟೋಬರ್‌ನಲ್ಲಿ ಗೇಮ್ ಬಾಯ್ ಕಲರ್ ಬಂತು. ಪ್ರೊಸೆಸರ್ ವೇಗ ಎರಡು ಪಟ್ಟು, ಮೆಮೊರಿ 32 ಕೆಬಿ. ಪರದೆಯ ಚುಕ್ಕಿಗಳ ಲೆಕ್ಕ ಮಾತ್ರ ಅದೇ 160, 144. ಹಾಗಾಗಿ ಹಳೇ ಗೇಮ್‌ನ ಚಿತ್ರ ಹಿಗ್ಗಿಸಬೇಕಿಲ್ಲ, ಕುಗ್ಗಿಸಬೇಕಿಲ್ಲ.

ಆದರೆ ಒಂದು ಪೇಚಾಟ ಇತ್ತು. ಪ್ರೊಸೆಸರ್ ವೇಗ ಎರಡು ಪಟ್ಟಾದರೆ ಹಳೇ ಗೇಮ್ ಕೂಡ ಎರಡು ಪಟ್ಟು ವೇಗದಲ್ಲಿ ಓಡಿ ಹಾಳಾಗಲ್ವಾ? ಆಗುತ್ತೆ. ಆ ಕಾಲದ ಗೇಮ್‌ಗಳು ಯಂತ್ರದ ವೇಗವನ್ನೇ ಗಡಿಯಾರ ಮಾಡಿಕೊಂಡು ಬರೆದಂಥವು. ಅದಕ್ಕೆ ಕಲರ್ ಯಂತ್ರ ಯಾವಾಗಲೂ ಹಳೇ ವೇಗದಲ್ಲೇ ಶುರುವಾಗುತ್ತೆ. ಹೊಸ ಗೇಮ್ ಆಗಿದ್ದರೆ ಅದೇ ಕೇಳಿ ಎರಡು ಪಟ್ಟು ವೇಗ ಪಡೆಯಬೇಕು. ಕೇಳೋದು ಗೊತ್ತಿಲ್ಲದ ಹಳೇ ಗೇಮ್ ತನ್ನ ಪಾಡಿಗೆ ತಾನು ಓಡುತ್ತೆ.

ಇನ್ನು ಬಣ್ಣ. ಹಳೇ ಗೇಮ್‌ಗೆ ಬಣ್ಣ ಅಂದರೇನೇ ಗೊತ್ತಿಲ್ಲ. ಕಲರ್ ಯಂತ್ರ ಆನ್ ಆದ ಕೂಡಲೇ ಕ್ಯಾಸೆಟ್‌ನ ಒಳಗಿರೋ ಗೇಮ್ ಹೆಸರನ್ನ ಓದಿ, ತನ್ನ ಪಟ್ಟಿಯಲ್ಲಿ ಇದ್ದರೆ ಆ ಗೇಮ್‌ಗೆ ಅಂತಲೇ ಆರಿಸಿಟ್ಟ ಬಣ್ಣ ತೊಡಿಸ್ತಿತ್ತು. ಇಷ್ಟ ಆಗಲಿಲ್ವಾ? ಶುರುವಾಗೋವಾಗ ಬಟನ್ ಒತ್ತಿ ಹಿಡಿದರೆ ಹನ್ನೆರಡು ಬಗೆಯಲ್ಲಿ ನಿಮಗೆ ಬೇಕಾದ್ದು ಆರಿಸಬಹುದಿತ್ತು.

ಕ್ಯಾಸೆಟ್‌ಗಳಲ್ಲೂ ಮೂರು ಪಂಗಡ ಆಯ್ತು. ಬೂದು ಬಣ್ಣದ್ದು ಹಳೇದು, ಎಲ್ಲದರಲ್ಲೂ ಓಡುತ್ತೆ. ಕಪ್ಪು ಬಣ್ಣದ್ದು ಎರಡೂ ಕಡೆ ಸಲ್ಲುವಂಥದ್ದು. ಪಾರದರ್ಶಕವಾಗಿರೋದು ಕಲರ್‌ಗೆ ಮಾತ್ರ. ಕಪ್ಪು ಕ್ಯಾಸೆಟ್‌ಗೆ ಒಂದು ಚೆಂದದ ಉದಾಹರಣೆ 1998ರ 'ಜೆಲ್ಡಾ: ಲಿಂಕ್ಸ್ ಅವೇಕನಿಂಗ್ ಡಿಎಕ್ಸ್'. ಹಳೇ ಯಂತ್ರದಲ್ಲೂ ಆಡಬಹುದು. ಆದರೆ ಅದರೊಳಗಿನ ಒಂದು ನೆಲಮಾಳಿಗೆಯ ಬಾಗಿಲು ಕಲರ್ ಯಂತ್ರದಲ್ಲಿ ಮಾತ್ರ ತೆರೆಯುತ್ತೆ. ಕ್ಯಾಸೆಟ್ ಒಂದೇ, ಯಾರ ಮನೆಯಲ್ಲಿದ್ದೀನಿ ಅಂತ ಗೇಮ್‌ಗೇ ಗೊತ್ತಾಗ್ತಿತ್ತು.

ಪಾರದರ್ಶಕ ಕ್ಯಾಸೆಟ್‌ನ ಯಾರಾದರೂ ಗೊತ್ತಿಲ್ಲದೆ ಹಳೇ ಯಂತ್ರಕ್ಕೆ ಹಾಕಿದರೆ? ಹಳೇ ಬೂದು ಕ್ಯಾಸೆಟ್‌ನ ಮೇಲ್ಮೂಲೆಯಲ್ಲಿ ಒಂದು ಸಣ್ಣ ಕಚ್ಚು ಇರುತ್ತೆ. ಮೊದಲ ಗೇಮ್ ಬಾಯ್‌ನ ಸ್ವಿಚ್ ಸರಿಸಿದಾಗ ಒಂದು ಪ್ಲಾಸ್ಟಿಕ್ ಚೂರು ಬಂದು ಆ ಕಚ್ಚಿನಲ್ಲಿ ಕೂರುತ್ತೆ. ಹಾಗಾಗಿ ಆಡೋವಾಗ ಕ್ಯಾಸೆಟ್ ಕಿತ್ತುಕೊಂಡು ಬರಲ್ಲ. ಪಾರದರ್ಶಕ ಕ್ಯಾಸೆಟ್‌ಗೆ ಆ ಕಚ್ಚೇ ಕೊಡಲಿಲ್ಲ. ಪ್ಲಾಸ್ಟಿಕ್ ಚೂರಿಗೆ ಜಾಗ ಇಲ್ಲ, ಸ್ವಿಚ್ ಸರಿಯಲ್ಲ, ಯಂತ್ರ ಆನ್ ಆಗಲ್ಲ. "ನಿಮ್ಮ ಸಾಧನ ಹೊಂದಿಕೆಯಾಗುವುದಿಲ್ಲ" ಅಂತ ಪ್ಲೇ ಸ್ಟೋರ್ ಇವತ್ತು ಹೇಳೋ ಮಾತನ್ನ ಅವತ್ತು ಒಂದು ಪ್ಲಾಸ್ಟಿಕ್ ಮೂಲೆ ಹೇಳ್ತಿತ್ತು.

ಹೊಸ ಯಂತ್ರದ ಒಳಗೊಂದು ಹಳೇ ಯಂತ್ರ

2001ರ ಮಾರ್ಚ್ 21ಕ್ಕೆ ಗೇಮ್ ಬಾಯ್ ಅಡ್ವಾನ್ಸ್ ಬಂತು. ಇದು ಬರೀ ಬಣ್ಣ ಬಳಿದ ಹಳೇ ಯಂತ್ರ ಅಲ್ಲ. 32 ಬಿಟ್‌ನ ಎಆರ್‌ಎಂ ಪ್ರೊಸೆಸರ್, ಅಂದರೆ ಇವತ್ತಿನ ನಿಮ್ಮ ಫೋನ್‌ನ ಚಿಪ್ ಇರೋ ವಂಶದ್ದೇ. ಹಳೇ 8 ಬಿಟ್ ಗೇಮ್‌ನ ಭಾಷೆ ಇದಕ್ಕೆ ಅರ್ಥವೇ ಆಗಲ್ಲ.

ನಿಂಟೆಂಡೊ ಮಾಡಿದ್ದು ಇಷ್ಟೇ: ಹಳೇ 8 ಬಿಟ್ ಪ್ರೊಸೆಸರನ್ನೂ ಒಳಗೇ ಕೂರಿಸಿತು. ಕ್ಯಾಸೆಟ್ ಸಿಕ್ಕಿಸೋ ಜಾಗದಲ್ಲಿ ಒಂದು ಪುಟ್ಟ ಸ್ವಿಚ್. ಹಳೇ ಕ್ಯಾಸೆಟ್‌ನ ಆಕಾರ ಅದನ್ನ ಒತ್ತುತ್ತೆ, ಹೊಸ ಗಿಡ್ಡ ಕ್ಯಾಸೆಟ್ ಒತ್ತಲ್ಲ. ಒತ್ತಿದರೆ ಯಂತ್ರ 5 ವೋಲ್ಟ್ ಕೊಟ್ಟು ಹಳೇ ಪ್ರೊಸೆಸರನ್ನ ಎಬ್ಬಿಸುತ್ತೆ. ಒತ್ತದಿದ್ದರೆ 3.3 ವೋಲ್ಟ್ ಕೊಟ್ಟು ಹೊಸದನ್ನ ಓಡಿಸುತ್ತೆ. ಅಜ್ಜ ಬಂದರೆ ಅಜ್ಜನ ಕೋಣೆ, ಮೊಮ್ಮಗ ಬಂದರೆ ಮೊಮ್ಮಗನ ಕೋಣೆ. ಇಲ್ಲಿ ಗಮನಿಸಿ, ಆ ಅಜ್ಜನ ಕೋಣೆಗೆ ಪ್ರತಿ ಯಂತ್ರದಲ್ಲೂ ಖರ್ಚಿದೆ. ಹಳೇ ಗೇಮ್ ಓಡೋದು ತಾನಾಗಿ ಆಗೋ ಕೆಲಸ ಅಲ್ಲ.

ಓಡಿತು ಅಂದ ಮಾತ್ರಕ್ಕೆ ಅನುಭವ ಒಂದೇ ಆಗಿತ್ತಾ? ಇಲ್ಲ. ಮೊದಲ ಅಡ್ವಾನ್ಸ್‌ನ ಪರದೆಗೆ ಬೆಳಕೇ ಇರಲಿಲ್ಲ. ಅದರ ಜೊತೆಗೇ ಬಂದ 'ಕ್ಯಾಸಲ್‌ವೇನಿಯಾ: ಸರ್ಕಲ್ ಆಫ್ ದ ಮೂನ್' ಎಷ್ಟು ಕತ್ತಲೆಯಾಗಿ ಕಾಣ್ತಿತ್ತು ಅಂದರೆ, ಕಿಟಕಿ ಪಕ್ಕ ಕೂತು ಆಡಬೇಕು. ಆಮೇಲೆ ಬಂದ ಎಷ್ಟೋ ಗೇಮ್‌ಗಳು ಬಣ್ಣವನ್ನ ಬೇಕಂತಲೇ ತಿಳಿ ಮಾಡಿಕೊಂಡವು. 2003ರಲ್ಲಿ ಮಡಚೋ ಅಡ್ವಾನ್ಸ್ ಎಸ್‌ಪಿ ಬೆಳಕು ಹೊತ್ತು ಬಂತು. ಮುಂದೆ ಇನ್ನೂ ಪ್ರಕಾಶವಾದ ಪರದೆಗಳು ಬಂದಾಗ, ಕತ್ತಲೆಗೆಂದು ತಿಳಿ ಮಾಡಿದ್ದ ಅದೇ ಗೇಮ್‌ಗಳು ಬಿಳಿಚಿಕೊಂಡಂತೆ ಕಂಡವು. ಜೊತೆಗೆ ಎಸ್‌ಪಿಯಲ್ಲಿ ಇಯರ್‌ಫೋನ್ ತೂತು ಇರಲಿಲ್ಲ, ಬೇರೆ ಅಡಾಪ್ಟರ್ ತಗೋಬೇಕಿತ್ತು. ಹೌದು, ಆ ರಗಳೆ ನಿಮ್ಮ ಫೋನಿಂದ ಶುರುವಾದದ್ದಲ್ಲ!

ಗೇಮ್ ಬಂತು, ಗೆಳೆಯರು ಬರಲಿಲ್ಲ

ಈಗ ನನಗೆ ಈ ಕಥೆಯಲ್ಲಿ ತುಂಬಾ ಕಾಡೋ ಭಾಗ. ಪೊಕೆಮಾನ್ ಗೊತ್ತಲ್ಲ? 1996ರ ಮೊದಲ ಗೇಮ್‌ಗಳಿಗೂ 1999ರ 'ಗೋಲ್ಡ್', 'ಸಿಲ್ವರ್' ಗೇಮ್‌ಗಳಿಗೂ ನಡುವೆ ಕೇಬಲ್ ಹಾಕಿ ಪೊಕೆಮಾನ್ ಬದಲಾಯಿಸಿಕೊಳ್ಳಬಹುದಿತ್ತು. 2002ರಲ್ಲಿ ಅಡ್ವಾನ್ಸ್‌ಗೆ ಅಂತ 'ರೂಬಿ', 'ಸಫೈರ್' ಬಂದವು. ಹಳೇ 'ಗೋಲ್ಡ್' ಕ್ಯಾಸೆಟ್ ಅದೇ ಅಡ್ವಾನ್ಸ್‌ನಲ್ಲಿ ಚೆನ್ನಾಗಿ ಓಡುತ್ತೆ. 'ರೂಬಿ'ಯೂ ಓಡುತ್ತೆ. ಆದರೆ ಒಂದರಿಂದ ಇನ್ನೊಂದಕ್ಕೆ ಒಂದೇ ಒಂದು ಪೊಕೆಮಾನ್ ಕಳಿಸೋಕೆ ದಾರಿ ಇರಲಿಲ್ಲ.

ಒಬ್ಬ ಹುಡುಗ ಅಥವಾ ಹುಡುಗಿ ಮೂರು ವರ್ಷ ಸಾಕಿ, ಹೆಸರಿಟ್ಟು, ಗೆಲ್ಲಿಸಿದ ಪೊಕೆಮಾನ್ ಹಳೇ ಕ್ಯಾಸೆಟ್‌ನಲ್ಲೇ ಉಳೀತು. ಉಳೀತು ಅನ್ನೋದೂ ಪೂರ್ತಿ ನಿಜ ಅಲ್ಲ. ಆ ಕ್ಯಾಸೆಟ್‌ಗಳು ಸೇವ್ ಮಾಡಿದ್ದನ್ನ ನೆನಪಿಡೋದು ಒಳಗಿನ ಒಂದು ಬಟನ್ ಸೆಲ್‌ನಿಂದ. ಅದು ಸತ್ತ ದಿನ ಗೇಮ್ ಇರುತ್ತೆ, ನಿಮ್ಮ ಆಟ ಇರಲ್ಲ.

2004ರಲ್ಲಿ ಎರಡು ಪರದೆಯ ನಿಂಟೆಂಡೊ ಡಿಎಸ್ ಬಂದಾಗ 8 ಬಿಟ್ ಪ್ರೊಸೆಸರ್‌ಗೆ ಜಾಗ ಸಿಗಲಿಲ್ಲ. ಗೇಮ್ ಬಾಯ್, ಕಲರ್ ಕ್ಯಾಸೆಟ್‌ಗಳ ಕಾಲ ಮುಗೀತು. ಮಾರನೇ ವರ್ಷ ಬಂದ ಪುಟಾಣಿ ಗೇಮ್ ಬಾಯ್ ಮೈಕ್ರೊ ಕೂಡ ಅಡ್ವಾನ್ಸ್ ಗೇಮ್‌ಗಳನ್ನ ಮಾತ್ರ ಓಡಿಸ್ತಿತ್ತು. ಶುರುವಲ್ಲಿ ಹೇಳಿದ ಆ ಯಂತ್ರ ಇದೇ.

ಡಿಎಸ್‌ನಲ್ಲಿ ಅಡ್ವಾನ್ಸ್ ಗೇಮ್‌ಗೆ ಮಾತ್ರ ಎರಡನೇ ತೂತು ಇತ್ತು. ಅಡ್ವಾನ್ಸ್‌ನ ಹೃದಯವಾಗಿದ್ದ ಎಆರ್‌ಎಂ 7 ಪ್ರೊಸೆಸರ್ ಡಿಎಸ್‌ನಲ್ಲಿ ಸಹಾಯಕನ ಹುದ್ದೆಗೆ ಇಳಿದು, ಸದ್ದು, ವೈರ್‌ಲೆಸ್ ಅಂಥ ಕೆಲಸ ನೋಡಿಕೊಳ್ತಿತ್ತು. ಹಳೇ ಕ್ಯಾಸೆಟ್ ಹಾಕಿದಾಗ ಮತ್ತೆ ಯಜಮಾನ ಆಗ್ತಿತ್ತು. ಆದರೆ ಲಿಂಕ್ ಕೇಬಲ್‌ನ ತೂತು ಹೋಗಿತ್ತು. ಗೇಮ್ ಒಬ್ಬರೇ ಆಡಬಹುದು, ಗೆಳೆಯರ ಜೊತೆ ಆಗಲ್ಲ. 2006ರ 'ಡೈಮಂಡ್', 'ಪರ್ಲ್' ಪೊಕೆಮಾನ್ ಗೇಮ್‌ಗಳು ಈ ಎರಡನೇ ತೂತಿನ ಮೂಲಕವೇ ಅಡ್ವಾನ್ಸ್ ಕಾಲದ ಪೊಕೆಮಾನ್‌ಗಳನ್ನ ಬರಮಾಡಿಕೊಂಡವು. 2008ರಲ್ಲಿ ಡಿಎಸ್‌ಐ ಬಂತು. ಕ್ಯಾಮೆರಾ ಬಂತು, ಮೈ ತೆಳ್ಳಗಾಯ್ತು, ಎರಡನೇ ತೂತು ಮುಚ್ಚಿತು. ಆ ತೂತಿಗೆ ಸಿಕ್ಕಿಸೋ ಹಿಡಿಕೆ ಬೇಡ್ತಿದ್ದ 'ಗಿಟಾರ್ ಹೀರೊ: ಆನ್ ಟೂರ್' ಡಿಎಸ್ ಗೇಮೇ ಆದರೂ ಡಿಎಸ್‌ಐನಲ್ಲಿ ಆಡೋಕೆ ಆಗಲಿಲ್ಲ.

2011ರ 3ಡಿಎಸ್ ಡಿಎಸ್ ಗೇಮ್‌ಗಳನ್ನ ಓಡಿಸ್ತು. ಆದರೆ ಅದರ ಸ್ವಂತ ಗೇಮ್‌ಗಳಿಗೆ ದೇಶದ ಬೀಗ ಇತ್ತು. ಅಮೆರಿಕದಲ್ಲಿರೋ ಅಕ್ಕ ತಂದುಕೊಟ್ಟ ಕ್ಯಾಸೆಟ್ ಯುರೋಪಿನ ಯಂತ್ರದಲ್ಲಿ ಓಡಲ್ಲ. ಗೇಮ್ ಬಾಯ್‌ಗೆ ಅಂಥ ಬೀಗ ಯಾವತ್ತೂ ಇರಲಿಲ್ಲ. ಹಳೇ ಗೇಮ್ ಬಾಯ್ ಗೇಮ್‌ಗಳು 3ಡಿಎಸ್‌ನ ಆನ್‌ಲೈನ್ ಅಂಗಡಿಯಲ್ಲಿ ಮತ್ತೆ ಮಾರಾಟಕ್ಕೆ ಬಂದವು. ಮನೆಯಲ್ಲಿ ಕ್ಯಾಸೆಟ್ ಇದ್ದವರೂ ಮತ್ತೆ ದುಡ್ಡು ಕೊಡಬೇಕು. 2023ರ ಮಾರ್ಚ್ 27ಕ್ಕೆ ಆ ಅಂಗಡಿಯಲ್ಲಿ ಖರೀದಿಯೂ ನಿಂತಿತು.

ಕಚ್ಚು ನೋಡಿ ತಗೊಳ್ಳಿ

2025ರ ಜೂನ್‌ನಲ್ಲಿ ಬಂದ ಸ್ವಿಚ್ 2 ಹಳೇ ಸ್ವಿಚ್‌ನ ಬಹುಪಾಲು ಗೇಮ್‌ಗಳನ್ನ ಓಡಿಸುತ್ತೆ. ಇಲ್ಲಿ ಅಜ್ಜನ ಕೋಣೆ ಇಲ್ಲ. ಹಳೇ ಗೇಮ್‌ನ ಆದೇಶಗಳನ್ನ ಆಡೋ ಹೊತ್ತಿಗೇ ಹೊಸ ಚಿಪ್‌ಗೆ ತಿಳಿಯೋ ಹಾಗೆ ಸಾಫ್ಟ್‌ವೇರ್ ಬದಲಾಯಿಸಿ ಕೊಡುತ್ತೆ. ದಾರಿ ಬೇರೆ, ಖರ್ಚು ಮಾತ್ರ ತಪ್ಪಲ್ಲ. ಯಾರೋ ಕೂತು ಒಂದೊಂದೇ ಗೇಮ್ ಪರೀಕ್ಷೆ ಮಾಡಲೇಬೇಕು.

ನಿಮ್ಮಲ್ಲಿ ಯಾರಾದರೂ ಸೆಕೆಂಡ್ ಹ್ಯಾಂಡ್ ಯಂತ್ರ ಹುಡುಕ್ತಾ ಇದ್ದರೆ ಇಷ್ಟು ನೆನಪಿಡಿ. ಗೇಮ್ ಬಾಯ್, ಕಲರ್, ಅಡ್ವಾನ್ಸ್, ಮೂರರ ಕ್ಯಾಸೆಟ್ಟೂ ಓಡಬೇಕಂದ್ರೆ ಅಡ್ವಾನ್ಸ್ ಅಥವಾ ಎಸ್‌ಪಿ. ಅಡ್ವಾನ್ಸ್ ಜೊತೆ ಡಿಎಸ್ ಗೇಮ್‌ಗಳೂ ಬೇಕಂದ್ರೆ ಡಿಎಸ್ ಅಥವಾ ಡಿಎಸ್ ಲೈಟ್. ಡಿಎಸ್‌ಐ ನೋಡೋಕೆ ಅವುಗಳ ಹಾಗೇ ಇದ್ದರೂ ಅಡ್ವಾನ್ಸ್ ಕ್ಯಾಸೆಟ್ ತಗೊಳ್ಳಲ್ಲ. ಹಳೇ ಕ್ಯಾಸೆಟ್ ಕೊಳ್ಳೋವಾಗ ಒಳಗಿನ ಬಟನ್ ಸೆಲ್ ಜೀವಂತ ಇದೆಯಾ ಕೇಳಿ.

ಇನ್ನೊಂದು ಮಾತು. ಹಳೇ ಗೇಮ್ ನಿಲ್ಲೋದು ಅದಕ್ಕೆ ವಯಸ್ಸಾಯ್ತು ಅಂತಲ್ಲ. ಒಂದು ತೂತು ತೆಗೆದರೆ ಯಂತ್ರ ತೆಳ್ಳಗಾಗುತ್ತೆ, ಒಂದು ಚಿಪ್ ಬಿಟ್ಟರೆ ಖರ್ಚು ಉಳಿಯುತ್ತೆ ಅಂತ ಒಂದು ಮೇಜಿನ ಸುತ್ತ ಕೂತವರು ಲೆಕ್ಕ ಹಾಕಿದ್ದರಿಂದ. ಮುಂದಿನ ಸಲ ನಿಮ್ಮ ಫೋನ್ "ಈ ಆ್ಯಪ್ ಸಪೋರ್ಟ್ ಆಗಲ್ಲ" ಅಂದಾಗ, ಅದರ ಹಿಂದೆಯೂ ಅಂಥದೇ ಒಂದು ಮೇಜಿದೆ ಅಂತ ನೆನಪಿರಲಿ.

ಅಟ್ಟದ ಮೇಲೆ ನಿಮ್ಮದೇನಾದರೂ ಹಳೇ ಕ್ಯಾಸೆಟ್ ಇದ್ದರೆ ಇವತ್ತು ಇಳಿಸಿ, ಧೂಳು ಒರೆಸಿ, ಆನ್ ಮಾಡಿ ನೋಡಿ. ನೀವು ಸೇವ್ ಮಾಡಿದ ಹೆಸರು ಇನ್ನೂ ಅಲ್ಲೇ ಇರಬಹುದು.