ಫೈಬ್ರೊಮಯಾಲ್ಜಿಯಾ: ಔಷಧ ಚಿಕಿತ್ಸೆ

ಮೈಯೆಲ್ಲ ಹರಡಿಕೊಂಡು ತಿಂಗಳುಗಟ್ಟಲೆ ಉಳಿಯುವ ನೋವು, ರಾತ್ರಿಯಿಡೀ ಮಲಗಿದ್ದರೂ ಕಳೆಯದ ದಣಿವು, ಮರೆವು, ಮಂಕು ಇವೆಲ್ಲ ಒಟ್ಟಾಗಿ ಕಾಣಿಸಿಕೊಳ್ಳುವ ದೀರ್ಘಕಾಲದ ಕಾಯಿಲೆ ಫೈಬ್ರೊಮಯಾಲ್ಜಿಯಾ. ಹೆಂಗಸರಲ್ಲಿ ಹೆಚ್ಚು. ರಕ್ತಪರೀಕ್ಷೆಯಲ್ಲಾಗಲಿ ಎಕ್ಸ್-ರೇಯಲ್ಲಾಗಲಿ ಇದರ ಗುರುತು ಸಿಗುವುದಿಲ್ಲ. ಪೂರ್ತಿ ಗುಣಪಡಿಸುವ ಔಷಧವಿಲ್ಲ. ಇರುವ ಔಷಧಗಳು ಕೆಲವರಲ್ಲಿ ನೋವು ತಗ್ಗಿಸುತ್ತವೆ, ನಿದ್ದೆ ಸುಧಾರಿಸುತ್ತವೆ. ಅವುಗಳಲ್ಲಿ ಮುಖ್ಯವಾದವು ಖಿನ್ನತೆಗೆ, ಅಪಸ್ಮಾರಕ್ಕೆ, ಸ್ನಾಯುಸೆಳೆತಕ್ಕೆಂದು ಮೊದಲು ಬಳಕೆಗೆ ಬಂದವು.

ನೋವಿನ ನೆಲೆ

1904ರಲ್ಲಿ ಬ್ರಿಟಿಷ್ ನರವೈದ್ಯ ವಿಲಿಯಂ ಗೋವರ್ಸ್ ಇಂಥ ನೋವಿಗೆ ನಾರಿನ ಅಂಗಾಂಶದ ಉರಿಯೂತವೇ ಕಾರಣವೆಂದು ಊಹಿಸಿ ‘ಫೈಬ್ರೊಸೈಟಿಸ್’ ಎಂದು ಕರೆದರು. ಸ್ನಾಯುವಿನ ತುಣುಕು ತೆಗೆದು ನೋಡಿದವರಿಗೆ ಆ ಉರಿಯೂತ ಖಚಿತವಾಗಿ ಕಾಣಲಿಲ್ಲ. 1975ರಲ್ಲಿ ಕೆನಡಾದ ಹಾರ್ವಿ ಮೊಲ್ಡೊಫ್ಸ್ಕಿ ಮತ್ತು ಹ್ಯೂ ಸ್ಮೈತ್ ಆರೋಗ್ಯವಂತರ ಗಾಢನಿದ್ದೆಯನ್ನು ಸದ್ದು ಮಾಡಿ ಕೆಡಿಸಿದಾಗ, ಅವರಲ್ಲೂ ಮೈನೋವು ಕಾಣಿಸಿಕೊಂಡಿತು. 2002ರಲ್ಲಿ ರಿಚರ್ಡ್ ಗ್ರೇಸ್ಲಿ ತಂಡ ರೋಗಿಗಳ ಮತ್ತು ಆರೋಗ್ಯವಂತರ ಹೆಬ್ಬೆರಳ ಉಗುರಿನ ಮೇಲೆ ಒಂದೇ ಪ್ರಮಾಣದ ಒತ್ತಡ ಹೇರಿ ಮಿದುಳಿನ ಚಿತ್ರ ತೆಗೆಯಿತು. ಆರೋಗ್ಯವಂತರಿಗೆ ಅಷ್ಟೇನೂ ನೋಯದ ಒತ್ತಡಕ್ಕೆ ರೋಗಿಗಳ ಮಿದುಳಿನ ನೋವಿನ ಕೇಂದ್ರಗಳು ಚುರುಕಾಗಿ ಸ್ಪಂದಿಸಿದವು. ಬೆನ್ನುಹುರಿಯ ದ್ರವದಲ್ಲಿ ನೋವನ್ನು ಸಾಗಿಸುವ ‘ಸಬ್‌ಸ್ಟೆನ್ಸ್ ಪಿ’ ಹೆಚ್ಚಾಗಿಯೂ, ನೋರ್‌ಅಡ್ರಿನಲಿನ್‌ನ ಉಪೋತ್ಪನ್ನ ಕಡಿಮೆಯಾಗಿಯೂ ಇರುವುದು ಅದಕ್ಕೂ ಮೊದಲೇ ವರದಿಯಾಗಿತ್ತು.

ಮಿದುಳಿನ ಕಾಂಡದಿಂದ ಬೆನ್ನುಹುರಿಗೆ ಇಳಿಯುವ ನರಮಾರ್ಗಗಳು ನೋವಿನ ಸಂದೇಶವನ್ನು ಅಲ್ಲಿಯೇ ತಗ್ಗಿಸುತ್ತವೆ. ಅದಕ್ಕೆ ನರರಾಸಾಯನಿಕಗಳಾದ ಸಿರೊಟೊನಿನ್ ಮತ್ತು ನೋರ್‌ಅಡ್ರಿನಲಿನ್ ಬೇಕು. ಈ ತಡೆ ದುರ್ಬಲವಾಗಿರುವುದು ಕಾಯಿಲೆಯ ಒಂದು ಕಾರಣವಿರಬಹುದೆಂಬುದು ಇಂದಿನ ಬಲವಾದ ಅಭಿಪ್ರಾಯ. ಮುಂದೆ ಹೇಳುವ ಔಷಧಗಳಲ್ಲಿ ಹೆಚ್ಚಿನವುಗಳ ತರ್ಕವೂ ಇದೇ.

ಅಮಿಟ್ರಿಪ್ಟಿಲಿನ್

ಅಮಿಟ್ರಿಪ್ಟಿಲಿನ್‌ಗೆ 1961ರಲ್ಲಿ ಅಮೆರಿಕದಲ್ಲಿ ಖಿನ್ನತೆಯ ಔಷಧವಾಗಿ ಮನ್ನಣೆ ಸಿಕ್ಕಿತು. ಫೈಬ್ರೊಮಯಾಲ್ಜಿಯಾದಲ್ಲಿ ಇದರ ನಿಜವಾದ ಪರೀಕ್ಷೆ ನಡೆದದ್ದು 1986ರಲ್ಲಿ. ಡಾನ್ ಗೋಲ್ಡನ್‌ಬರ್ಗ್ ತಂಡ 62 ರೋಗಿಗಳಿಗೆ ಆರು ವಾರ ರಾತ್ರಿ 25 ಮಿ.ಗ್ರಾಂ ಅಮಿಟ್ರಿಪ್ಟಿಲಿನ್, ಅಥವಾ ಉರಿಯೂತ ತಗ್ಗಿಸುವ ನ್ಯಾಪ್ರೊಕ್ಸೆನ್, ಅಥವಾ ಎರಡನ್ನೂ, ಅಥವಾ ಔಷಧವಿಲ್ಲದ ಹುಸಿ ಮಾತ್ರೆ ಕೊಟ್ಟಿತು. ಅಮಿಟ್ರಿಪ್ಟಿಲಿನ್ ಪಡೆದವರ ನೋವು, ನಿದ್ದೆ, ದಣಿವು ಸುಧಾರಿಸಿದವು. ನ್ಯಾಪ್ರೊಕ್ಸೆನ್ ಒಂದರಿಂದಲೇ ಹೇಳಿಕೊಳ್ಳುವಂಥ ಫಲ ಸಿಗಲಿಲ್ಲ. ಉರಿಯೂತದ ಔಷಧ ಸೋತು ನರದ ಮೇಲೆ ಕೆಲಸ ಮಾಡುವ ಔಷಧ ಗೆದ್ದದ್ದು ಗೋವರ್ಸ್‌ರ ಊಹೆಗೆ ವಿರುದ್ಧವಾದ ಗಟ್ಟಿ ಸಾಕ್ಷ್ಯ. ಈ ಚಿಕ್ಕ ಪರೀಕ್ಷೆ ನಂತರದ ಹಲವು ದೊಡ್ಡ ಪರೀಕ್ಷೆಗಳಿಗಿಂತ ಮಹತ್ವದ್ದಾಗಲು ಇದೇ ಕಾರಣ.

ಅಮಿಟ್ರಿಪ್ಟಿಲಿನ್‌ನ ಮಿತಿಯನ್ನು ತೋರಿಸಿದ್ದು 1994ರಲ್ಲಿ ಕೆನಡಾದ ಸೈಮನ್ ಕ್ಯಾರೆಟ್ ತಂಡ 208 ರೋಗಿಗಳೊಡನೆ ನಡೆಸಿದ ಆರು ತಿಂಗಳ ಪರೀಕ್ಷೆ. ಮೊದಲ ತಿಂಗಳ ಕೊನೆಗೆ ಅಮಿಟ್ರಿಪ್ಟಿಲಿನ್ ಪಡೆದವರಲ್ಲಿ ಶೇ. 21, ಸ್ನಾಯುಸೆಳೆತದ ಔಷಧವಾದ ಸೈಕ್ಲೊಬೆನ್ಜಾಪ್ರಿನ್ ಪಡೆದವರಲ್ಲಿ ಶೇ. 12 ಮಂದಿ ಗಮನಾರ್ಹವಾಗಿ ಸುಧಾರಿಸಿದ್ದರು. ಹುಸಿ ಮಾತ್ರೆಯ ಗುಂಪಿನಲ್ಲಿ ಒಬ್ಬರೂ ಇಲ್ಲ. ಆರನೆಯ ತಿಂಗಳಿಗೆ ಈ ಪ್ರಮಾಣ ಕ್ರಮವಾಗಿ ಶೇ. 36, 33 ಮತ್ತು 19 ಆಯಿತು. ಸಂಖ್ಯಾಶಾಸ್ತ್ರದ ಲೆಕ್ಕದಲ್ಲಿ ಆ ಅಂತರ ಖಚಿತವೆನ್ನುವಷ್ಟು ಇರಲಿಲ್ಲ. ದೀರ್ಘಾವಧಿಯಲ್ಲಿ ಔಷಧ ನಿಷ್ಪ್ರಯೋಜಕವೆಂದು ಇದರಿಂದ ತೀರ್ಮಾನಿಸಲಾಗದು. ಆದರೆ ಮೊದಲ ತಿಂಗಳ ಸುಧಾರಣೆಯನ್ನೇ ನಂಬಿ ವರ್ಷಗಟ್ಟಲೆ ಬರೆದುಕೊಡುವುದಕ್ಕೂ ಆಧಾರ ಸಾಲದು.

ಸಾಮಾನ್ಯವಾಗಿ ಮಲಗುವ ಒಂದೆರಡು ಗಂಟೆ ಮೊದಲು 10 ಮಿ.ಗ್ರಾಂನಿಂದ ಆರಂಭಿಸಿ, ಬೇಕಾದರೆ 25ರಿಂದ 50ಕ್ಕೆ ಏರಿಸುತ್ತಾರೆ. ಖಿನ್ನತೆಗೆ ಕೊಡುವ ಪ್ರಮಾಣ ಇದಕ್ಕಿಂತ ಬಹಳ ಹೆಚ್ಚು. ಖಿನ್ನತೆ ಇಲ್ಲದವರಲ್ಲೂ ಈ ಸಣ್ಣ ಪ್ರಮಾಣ ಫಲ ಕೊಡುತ್ತದೆ. ಆದ್ದರಿಂದ ಈ ಮಾತ್ರೆ ಬರೆದುಕೊಟ್ಟರೆ ನೋವು ಬರೀ ಮನಸ್ಸಿನದೆಂದು ವೈದ್ಯರು ಹೇಳಿದಂತಲ್ಲ. ಈ ಮಾತನ್ನು ರೋಗಿಗೂ ಮನೆಯವರಿಗೂ ಮೊದಲೇ ತಿಳಿಸಬೇಕು. ಬಾಯಿ ಒಣಗುವುದು, ಮಲಬದ್ಧತೆ, ಬೆಳಗಿನ ಮಂಪರು, ತೂಕ ಏರುವುದು ಸಾಮಾನ್ಯ ಅಡ್ಡಪರಿಣಾಮಗಳು. ಗ್ಲಾಕೊಮಾ, ಹೃದಯದ ಲಯದೋಷ, ಮೂತ್ರ ಕಟ್ಟುವ ತೊಂದರೆ ಇದ್ದವರಿಗೆ ಅಪಾಯಕಾರಿ.

ಪ್ರಿಗಾಬಲಿನ್, ಡುಲಾಕ್ಸೆಟಿನ್, ಮಿಲ್ನಾಸಿಪ್ರಾನ್

ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆಯಾದ ಎಫ್‌ಡಿಎ ಈ ಕಾಯಿಲೆಗೆ 2007ರಲ್ಲಿ ಪ್ರಿಗಾಬಲಿನ್, 2008ರಲ್ಲಿ ಡುಲಾಕ್ಸೆಟಿನ್, 2009ರಲ್ಲಿ ಮಿಲ್ನಾಸಿಪ್ರಾನ್‌ಗೆ ಅನುಮತಿ ಕೊಟ್ಟಿತು. ಅದೇ ಅವಧಿಯಲ್ಲಿ ಯುರೋಪಿನ ನಿಯಂತ್ರಕರು, ಹೆಚ್ಚುಕಡಿಮೆ ಅದೇ ಪುರಾವೆ ನೋಡಿ, ಪ್ರಯೋಜನ ಅಪಾಯಕ್ಕಿಂತ ದೊಡ್ಡದಲ್ಲವೆಂದು ಮೂರನ್ನೂ ನಿರಾಕರಿಸಿದರು.

ಪ್ರಿಗಾಬಲಿನ್ ನರತುದಿಯ ಕ್ಯಾಲ್ಸಿಯಂ ನಾಳದ ಒಂದು ಭಾಗಕ್ಕೆ ಅಂಟಿ, ನೋವು ಸಾಗಿಸುವ ರಾಸಾಯನಿಕಗಳ ಬಿಡುಗಡೆಯನ್ನು ತಗ್ಗಿಸುತ್ತದೆ. ಹುಸಿ ಮಾತ್ರೆಯ ಫಲವನ್ನು ಕಳೆದು ನೋಡಿದರೆ, ಹತ್ತರಲ್ಲಿ ಸುಮಾರು ಒಬ್ಬರಿಗೆ ದೊಡ್ಡ ಉಪಶಮನ ಸಿಗುತ್ತದೆ. ತಲೆಸುತ್ತು, ಮಂಪರು, ಕಾಲೂತ ಕಾಣಿಸಿಕೊಳ್ಳಬಹುದು. ಡುಲಾಕ್ಸೆಟಿನ್ ಮತ್ತು ಮಿಲ್ನಾಸಿಪ್ರಾನ್ ಸಿರೊಟೊನಿನ್, ನೋರ್‌ಅಡ್ರಿನಲಿನ್‌ಗಳನ್ನು ಹೆಚ್ಚು ಹೊತ್ತು ಉಳಿಸುತ್ತವೆ, ವಾಕರಿಕೆ ಸಾಮಾನ್ಯ. 2025ರ ಆಗಸ್ಟ್‌ನಲ್ಲಿ ನಾಲಿಗೆಯಡಿ ಇಡುವ ಸೈಕ್ಲೊಬೆನ್ಜಾಪ್ರಿನ್‌ಗೆ ಎಫ್‌ಡಿಎ ಅನುಮತಿ ದೊರೆಯಿತು.

ಒಪಿಯಾಡ್‌ಗಳು ಮತ್ತು ಇತರ ಔಷಧಗಳು

ಸ್ಟೀರಾಯ್ಡ್, ಉರಿಯೂತದ ಮಾತ್ರೆ, ಮಾರ್ಫಿನ್‌ನಂಥ ಪ್ರಬಲ ಒಪಿಯಾಡ್‌ಗಳನ್ನು ಈ ಕಾಯಿಲೆಗೆ ಶಿಫಾರಸು ಮಾಡುವುದಿಲ್ಲ. ರೋಗಿಗಳ ಮಿದುಳಿನಲ್ಲಿ ಒಪಿಯಾಡ್ ಅಂಟಿಕೊಳ್ಳುವ ತಾಣಗಳ ಲಭ್ಯತೆಯೇ ಕಡಿಮೆಯೆಂದು 2007ರ ಒಂದು ಅಧ್ಯಯನ ತೋರಿಸಿತು; ಈ ಔಷಧಗಳು ಸೋಲಲು ಅದೂ ಒಂದು ಕಾರಣವಿರಬಹುದು. ದುರ್ಬಲ ಒಪಿಯಾಡ್ ಆದ ಟ್ರಮಡಾಲ್‌ಗೆ ಸೀಮಿತ ಸ್ಥಾನವಿದೆ, ಆದರೆ ಡುಲಾಕ್ಸೆಟಿನ್ ಜೊತೆ ಸೇರಿದರೆ ಸಿರೊಟೊನಿನ್ ಅಪಾಯಕರ ಮಟ್ಟಕ್ಕೆ ಏರಬಹುದು.

ಭಾರತದಲ್ಲಿ

ಅಮಿಟ್ರಿಪ್ಟಿಲಿನ್ ಇಲ್ಲಿ ಸುಲಭ ಬೆಲೆಗೆ ಸಿಗುತ್ತದೆ. ಪ್ರಿಗಾಬಲಿನ್ ಹೆಚ್ಚಾಗಿ ಮೀಥೈಲ್‌ಕೊಬಾಲಮಿನ್ (ಬಿ12 ಜೀವಸತ್ವದ ಒಂದು ರೂಪ) ಅಥವಾ ಅಮಿಟ್ರಿಪ್ಟಿಲಿನ್ ವರ್ಗದ ನಾರ್‌ಟ್ರಿಪ್ಟಿಲಿನ್ ಬೆರೆತ ಮಾತ್ರೆಯಾಗಿ ಮಾರಾಟವಾಗುತ್ತದೆ. ಅಂಥ ಮಾತ್ರೆಯಲ್ಲಿ ಒಂದೊಂದರ ಪ್ರಮಾಣವನ್ನು ಬೇರೆಬೇರೆಯಾಗಿ ಹೊಂದಿಸಲಾಗುವುದಿಲ್ಲ. ಟ್ರಮಡಾಲ್ 2018ರಿಂದ ಮಾದಕವಸ್ತು ಕಾಯಿದೆಯಡಿ ಬರುತ್ತದೆ.

ಬಳಕೆಯ ಕ್ರಮ

ಯುರೋಪಿನ ಸಂಧಿವಾತ ತಜ್ಞರ ಒಕ್ಕೂಟ 2016ರಲ್ಲಿ ಪರಿಷ್ಕರಿಸಿದ ಶಿಫಾರಸುಗಳಲ್ಲಿ ‘ಪ್ರಬಲ’ ಬೆಂಬಲ ಸಿಕ್ಕದ್ದು ವ್ಯಾಯಾಮಕ್ಕೆ ಮಾತ್ರ. ಶಿಫಾರಸು ಮಾಡಿದ ಔಷಧಗಳಿಗೆಲ್ಲ ‘ದುರ್ಬಲ’ ಬೆಂಬಲ. ನಿಖರ ಕಾರಣ ಸಿಗದ ದೀರ್ಘಕಾಲದ ನೋವಿಗೆ ಪ್ರಿಗಾಬಲಿನ್ ಆರಂಭಿಸಬಾರದೆಂದು ಬ್ರಿಟನ್ನಿನ 2021ರ ಮಾರ್ಗಸೂಚಿ ಹೇಳುತ್ತದೆ. ಈ ಭಿನ್ನಮತದ ನಡುವೆಯೂ ಕೆಲವು ನಿಯಮಗಳು ವ್ಯಾಪಕವಾಗಿ ಒಪ್ಪಿತವಾಗಿವೆ: ಒಂದು ಬಾರಿಗೆ ಒಂದೇ ಔಷಧ, ಸಣ್ಣ ಪ್ರಮಾಣದಿಂದ ಆರಂಭ, ಕೆಲವು ವಾರಗಳ ನಂತರ ನೋವು, ನಿದ್ದೆ, ದಿನದ ಕೆಲಸ ಮೂರನ್ನೂ ವಿಚಾರಿಸುವುದು. ಫಲ ಕಾಣದಿದ್ದರೆ ಅದರ ಮೇಲೆ ಇನ್ನೊಂದನ್ನು ಪೇರಿಸುವ ಬದಲು ಮೊದಲಿನದನ್ನು ನಿಲ್ಲಿಸಬೇಕು. ಪ್ರಿಗಾಬಲಿನ್, ಡುಲಾಕ್ಸೆಟಿನ್‌ಗಳನ್ನು ಒಮ್ಮೆಗೇ ಬಿಟ್ಟರೆ ನಿದ್ರಾಹೀನತೆ, ವಾಕರಿಕೆ, ಕಳವಳ ಉಂಟಾಗುವುದರಿಂದ ವೈದ್ಯರ ನಿಗಾದಲ್ಲಿ ಹಂತಹಂತವಾಗಿಯೇ ಇಳಿಸಬೇಕು.