ರೂಯಿ ಬಾರ್ಬೋಸ: ಬ್ರೆಜಿಲಿನ ಒಬ್ಬ ನ್ಯಾಯವಾದಿಯ ರಾಜಕೀಯ ಜೀವನ

ದಕ್ಷಿಣ ಅಮೆರಿಕದ ಇತಿಹಾಸಕ್ಕೆ ನಮ್ಮ ಕಾಲೇಜುಗಳ ಪಾಠಕ್ರಮದಲ್ಲಿ ದೊರೆತಿರುವ ಸ್ಥಾನ ಅತ್ಯಲ್ಪವಾದುದು. ಬೊಲಿವಾರನ ಹೆಸರನ್ನು ಕೇಳಿದ ವಿದ್ಯಾರ್ಥಿಗಳುಂಟು; ಬ್ರೆಜಿಲಿನ ರೂಯಿ ಬಾರ್ಬೋಸನ ಹೆಸರನ್ನು ಕೇಳಿದವರು ವಿರಳ. ಆದರೆ ರಾಜ್ಯಾಂಗ ರಚನೆ, ನ್ಯಾಯಾಂಗದ ಅಧಿಕಾರ, ಗುಲಾಮರ ವಿಮೋಚನೆ ಇವುಗಳಲ್ಲಿ ಆಸಕ್ತಿಯುಳ್ಳ ಯಾರಿಗೂ ಈತನ ಜೀವನವು ಉಪೇಕ್ಷಣೀಯವಲ್ಲ. ಆತನನ್ನು ಕೊಂಡಾಡುವುದು ನಮ್ಮ ಉದ್ದೇಶವಲ್ಲ. ಆ ಕಾರ್ಯವನ್ನು ಆತನ ದೇಶೀಯರು ಧಾರಾಳವಾಗಿ ಮಾಡಿದ್ದಾರೆ. ಕಾಗದಪತ್ರಗಳನ್ನೇ ಆಧಾರವಾಗಿ ನಂಬಿ ಬಾಳಿದ ಒಬ್ಬ ನ್ಯಾಯವಾದಿಯು ಕಾಗದಪತ್ರಗಳನ್ನು ಸುಡಲು ಆಜ್ಞೆ ಮಾಡಿದುದು ಹೇಗೆಂಬುದನ್ನು ವಿಚಾರಿಸುವುದೇ ಇಲ್ಲಿ ನಮ್ಮ ಮುಖ್ಯ ಪ್ರಯತ್ನವಾಗಿದೆ.

ರೂಯಿ ಬಾರ್ಬೋಸನು 1849ನೆಯ ಇಸವಿ ನವೆಂಬರ್ 5ರಂದು ಬಾಹಿಯಾ ಪ್ರಾಂತದ ಸಾಲ್ವದೋರ್ ನಗರದಲ್ಲಿ ಜನಿಸಿದನು. ತಂದೆ ವೈದ್ಯನೂ ರಾಜಕಾರಣಿಯೂ ಆಗಿದ್ದು, 1874ರಲ್ಲಿ ತೀರಿಕೊಂಡಾಗ ಮಗನಿಗೆ ಸಾಲದ ಹೊರೆಯನ್ನು ಬಿಟ್ಟುಹೋದನು. ರೂಯಿಯು ರೆಸೀಫೆಯಲ್ಲಿಯೂ ಅನಂತರ ಸಾವೊ ಪಾವ್ಲೊ ನಗರದಲ್ಲಿಯೂ ನ್ಯಾಯಶಾಸ್ತ್ರವನ್ನು ಅಭ್ಯಾಸ ಮಾಡಿ 1870ರಲ್ಲಿ ಪದವೀಧರನಾದನು. ಊರಿಗೆ ಹಿಂದಿರುಗಿ ವಕೀಲಿ ವೃತ್ತಿಯನ್ನೂ ಪತ್ರಿಕಾವ್ಯವಸಾಯವನ್ನೂ ಒಟ್ಟಿಗೆ ಕೈಗೊಂಡನು. ಆ ಕಾಲದ ಬ್ರೆಜಿಲಿನಲ್ಲಿ ಶಾಸನಸಭೆಯ ಹಾದಿಯು ಸಾಮಾನ್ಯವಾಗಿ ಈ ಎರಡು ಬಾಗಿಲುಗಳ ಮೂಲಕವೇ ಹಾಯುತ್ತಿದ್ದಿತು. 1878ರಲ್ಲಿ ಪ್ರಾಂತೀಯ ಸಭೆಗೂ ಅನಂತರ ಸಾಮ್ರಾಜ್ಯದ ಪ್ರತಿನಿಧಿಸಭೆಗೂ ಆತನು ಚುನಾಯಿತನಾದನು.

ಅಲ್ಲಿ ಆತನ ಮೊದಲ ದೊಡ್ಡ ಕೆಲಸವೆಂದರೆ 1881ರ ಚುನಾವಣಾ ಸುಧಾರಣೆಯ ಮಸೂದೆ. ಪರೋಕ್ಷ ಚುನಾವಣೆಯನ್ನು ತೆಗೆದು ಪ್ರತ್ಯಕ್ಷ ಚುನಾವಣೆಯನ್ನು ತಂದ ಈ ಶಾಸನವು ಉದಾರವಾದಿಗಳ ವಿಜಯವೆಂದು ಎಣಿಸಲ್ಪಟ್ಟಿತು. ಆದರೆ ಮತದಾರನು ಅಕ್ಷರಸ್ಥನಾಗಿರಬೇಕೆಂಬ ನಿಬಂಧನೆಯೂ ಆದಾಯವನ್ನು ರುಜುವಾತುಪಡಿಸುವ ಕಟ್ಟುನಿಟ್ಟೂ ಅದರಲ್ಲಿದ್ದವು. 1872ರಲ್ಲಿ 10 ಲಕ್ಷಕ್ಕೂ ಮೀರಿದ್ದ ಮತದಾರರ ಸಂಖ್ಯೆಯ ಎದುರಿಗೆ, 1886ರಲ್ಲಿ ಮತ ಹಾಕಿದವರು 1 ಲಕ್ಷಕ್ಕಿಂತ ಸ್ವಲ್ಪವೇ ಹೆಚ್ಚು. ಎಂದರೆ ಒಟ್ಟು ಜನಸಂಖ್ಯೆಯಲ್ಲಿ ನೂರಕ್ಕೆ ಒಬ್ಬನೂ ಇಲ್ಲ. ಮಸೂದೆ ಬರೆದ ಕೈ ರೂಯಿಯದೆಂಬುದನ್ನು ಆತನ ಚರಿತ್ರಕಾರರಲ್ಲಿ ಕೆಲವರು ಮೆಲ್ಲನೆ ದಾಟಿಹೋಗುತ್ತಾರೆ. ನಾವು ಹಾಗೆ ದಾಟಲಾರೆವು.

ಗುಲಾಮಗಿರಿಯ ಪ್ರಶ್ನೆಯಲ್ಲಾದರೋ ಆತನ ನಿಲುವು ಅಚಲವಾಗಿದ್ದಿತು. 60 ವರ್ಷ ತುಂಬಿದ ಗುಲಾಮರನ್ನು ಒಡೆಯರಿಗೆ ಯಾವ ಪರಿಹಾರವನ್ನೂ ಕೊಡದೆ ಬಿಡುಗಡೆ ಮಾಡಬೇಕೆಂದು 1884ರಲ್ಲಿ ದಾಂತಾಸನ ಮಂತ್ರಿಮಂಡಲವು ತಂದ ಮಸೂದೆಗೆ ವಿಸ್ತಾರವಾದ ಸಮರ್ಥನೆಯನ್ನು ಬರೆದವನು ರೂಯಿಯೇ. ಮಂತ್ರಿಮಂಡಲವು ಬಿದ್ದಿತು, ರೂಯಿಯೂ ತನ್ನ ಸ್ಥಾನವನ್ನು ಕಳೆದುಕೊಂಡನು. 1885ರಲ್ಲಿ ಅಂಗೀಕೃತವಾದ ಶಾಸನವು ಮುದುಕರಿಗೆ ಸ್ವಾತಂತ್ರ್ಯವನ್ನು ಕೊಟ್ಟು, ಅದರ ಬೆಲೆಯೆಂದು ಇನ್ನೂ ಮೂರು ವರ್ಷ ದುಡಿಯಬೇಕೆಂದು ವಿಧಿಸಿತು. ಪೂರ್ಣ ವಿಮೋಚನೆಯು ಬಂದುದು 1888ರ ಮೇ 13ರಂದು.

1889ರ ನವೆಂಬರ್ 15ರಂದು ರಾಜಪ್ರಭುತ್ವವು ಅಳಿದು ಗಣರಾಜ್ಯವು ಸ್ಥಾಪಿತವಾಗಲು, ಸೇನಾನಿ ದೆಯೊದೊರೊ ದ ಫೊನ್ಸೇಕನ ತಾತ್ಕಾಲಿಕ ಸರಕಾರದಲ್ಲಿ ರೂಯಿಯು ಹಣಕಾಸಿನ ಮಂತ್ರಿಯಾದನು. ಬ್ಯಾಂಕುಗಳಿಗೆ ನೋಟು ಹೊರಡಿಸುವ ಹಕ್ಕನ್ನು ಧಾರಾಳವಾಗಿ ಕೊಟ್ಟ ಆತನ ನೀತಿಯು ಸಟ್ಟಾ ವ್ಯಾಪಾರಕ್ಕೂ ಬೆಲೆಯೇರಿಕೆಗೂ ದಾರಿ ಮಾಡಿತು. ಅರ್ಥಶಾಸ್ತ್ರಜ್ಞರು ಅದನ್ನು ಬೇಕಾದಷ್ಟು ಚರ್ಚಿಸಿದ್ದಾರೆ. ನಮಗೆ ಮುಖ್ಯವಾದುದು ಅದೇ ಕಚೇರಿಯಿಂದ ಹೊರಟ ಬೇರೊಂದು ಕಾಗದ.

ಮಾಜಿ ಒಡೆಯರು ತಮಗೂ ತಮ್ಮ ವಾರಸುದಾರರಿಗೂ ನಷ್ಟಪರಿಹಾರ ಬೇಕೆಂದು ಸರಕಾರಕ್ಕೆ ಮೊರೆಯಿಡುತ್ತಲೇ ಇದ್ದರು. ಅಂಥದೊಂದು ಅರ್ಜಿಯನ್ನು 1890ರ ನವೆಂಬರಿನಲ್ಲಿ ರೂಯಿಯು ತಿರಸ್ಕರಿಸಿದನು. ಬೊಕ್ಕಸಕ್ಕೆ ಭಾರವಾಗದಂತೆ ಮಾಜಿ ಗುಲಾಮರಿಗೇ ಪರಿಹಾರ ಕೊಡುವ ಉಪಾಯವು ದೊರೆತರೆ ಅದು ಹೆಚ್ಚು ನ್ಯಾಯವೆಂಬ ಭಾವದ ಮಾತನ್ನೂ ಬರೆದನು. ಮುಂದಿನ ತಿಂಗಳು, ಡಿಸೆಂಬರ್ 14ರಂದು, ಹಣಕಾಸಿನ ಇಲಾಖೆಯ ಕಚೇರಿಗಳಲ್ಲಿದ್ದ ಗುಲಾಮಗಿರಿಯ ಸಂಬಂಧದ ಎಲ್ಲ ದಫ್ತರಗಳನ್ನೂ ರಾಜಧಾನಿಗೆ ತರಿಸಿ ಸುಡತಕ್ಕದ್ದೆಂದು ಆಜ್ಞೆ ಹೊರಟಿತು. ದೇಶದ ಗೌರವಕ್ಕಾಗಿ ಆ ಕಳಂಕದ ಗುರುತುಗಳನ್ನು ಅಳಿಸಬೇಕೆಂಬುದು ಆಜ್ಞೆಯಲ್ಲಿ ಹೇಳಿದ ಕಾರಣ. ಕೆಲವೇ ದಿನಗಳಲ್ಲಿ ರಾಜ್ಯಾಂಗ ಸಭೆಯು ಸರಕಾರವನ್ನು ಅಭಿನಂದಿಸಿತು. 1891ರ ಜನವರಿಯಲ್ಲಿ ರೂಯಿಯು ಅಧಿಕಾರವನ್ನು ಬಿಟ್ಟನು. ರಾಜಧಾನಿಯಲ್ಲಿ ದಹನವು ನಡೆದುದು ಮೇ 13ರಂದು, ಆತನ ಉತ್ತರಾಧಿಕಾರಿಯ ಕಾಲದಲ್ಲಿ.

ಪುರಾವೆಯಿಲ್ಲದ ದಾವೆ ನಿಲ್ಲದೆಂಬುದನ್ನು ವಕೀಲನಾದವನಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ನೋಂದಣಿಯ ಪುಸ್ತಕಗಳು ಉರಿದುಹೋದರೆ ಒಡೆಯರ ಬೇಡಿಕೆಯ ಬುಡವೇ ಉರಿದಂತೆ. ಈ ದೃಷ್ಟಿಯಿಂದ ಆಜ್ಞೆಯನ್ನು ಸಮರ್ಥಿಸುವವರ ವಾದದಲ್ಲಿ ಹುರುಳಿದೆಯೆಂದು ನಾವು ಒಪ್ಪುತ್ತೇವೆ. ಆದರೆ ಅದೇ ಪುಸ್ತಕಗಳು ಇನ್ನೊಂದು ಪಕ್ಷಕ್ಕೂ ಸಾಕ್ಷಿಯಾಗಿದ್ದುವೆಂಬುದನ್ನು ಮರೆಯಲಾಗದು. 1831ರ ಶಾಸನದ ಪ್ರಕಾರ, ಅದರ ಬಳಿಕ ಬ್ರೆಜಿಲಿಗೆ ತರಲ್ಪಟ್ಟ ಪ್ರತಿಯೊಬ್ಬ ಆಫ್ರಿಕನನೂ ಸ್ವತಂತ್ರನೇ. ಹುಟ್ಟಿದ ದೇಶ ಆಫ್ರಿಕವೆಂದೂ ವಯಸ್ಸು ಇಂತಿಷ್ಟೆಂದೂ ಒಡೆಯನೇ ಬರೆಸಿದ್ದ ಕಡೆ, ಲೆಕ್ಕ ಹಾಕಿದರೆ ಆ ಮನುಷ್ಯನನ್ನು ಅಕ್ರಮವಾಗಿ ತಂದಿದ್ದರೆಂಬುದು ತಾನಾಗಿಯೇ ಹೊರಬೀಳುತ್ತಿದ್ದಿತು. ತಾನೂ ಬಾಲ್ಯದಲ್ಲಿ ಗುಲಾಮನಾಗಿದ್ದ ಲೂಯಿಸ್ ಗಾಮನು ಸಾವೊ ಪಾವ್ಲೊ ನಗರದ ನ್ಯಾಯಾಲಯಗಳಲ್ಲಿ 1831ರ ಶಾಸನವನ್ನು ಆಧರಿಸಿ ವಾದಿಸಿದನು. ಆತನ ಪ್ರಯತ್ನದಿಂದ ಬಿಡುಗಡೆ ಹೊಂದಿದವರು 500ಕ್ಕೂ ಹೆಚ್ಚು ಮಂದಿ. ದಫ್ತರಗಳ ಜೊತೆಗೆ ಒಡೆಯರ ಅಪರಾಧದ ರುಜುವಾತೂ ಬೂದಿಯಾಯಿತು. ಮಾಜಿ ಗುಲಾಮರಿಗೆ ಪರಿಹಾರವೇ ಹೆಚ್ಚು ನ್ಯಾಯವೆಂದು ಬರೆದವನು ಅವರ ಕೈಯಲ್ಲಿದ್ದ ಸಾಕ್ಷ್ಯವನ್ನು ಗಮನಿಸದೆ ಹೋದುದು ಆತನ ದೋಷವೆಂದೇ ನಮ್ಮ ಅಭಿಪ್ರಾಯ. ಆದರೂ ಎಲ್ಲವೂ ನಾಶವಾಗಲಿಲ್ಲ. ಚರ್ಚುಗಳ ಜ್ಞಾನಸ್ನಾನದ ಪುಸ್ತಕಗಳು, ನೋಟರಿಗಳ ಕ್ರಯಪತ್ರಗಳು, ಮೃತರ ಆಸ್ತಿಯ ಪಟ್ಟಿಗಳು ಉಳಿದವು. ಬ್ರೆಜಿಲಿನ ಗುಲಾಮಗಿರಿಯ ಇತಿಹಾಸವನ್ನು ಮುಂದಿನ ವಿದ್ವಾಂಸರು ಬಹುಮಟ್ಟಿಗೆ ಇವುಗಳಿಂದಲೇ ಕಟ್ಟಿದರು.

ಅಧಿಕಾರ ಕಳೆದುಕೊಂಡ ಬಳಿಕ ರೂಯಿಯಲ್ಲಿನ ನ್ಯಾಯವಾದಿಯು ಮತ್ತೆ ಎದ್ದುನಿಂತನು. 1892ರ ಏಪ್ರಿಲಿನಲ್ಲಿ ಅಧ್ಯಕ್ಷ ಫ್ಲೊರಿಯಾನೊ ಪೆಯ್ಷೊಟೊ 72 ಗಂಟೆಗಳ ತುರ್ತುಸ್ಥಿತಿಯನ್ನು ಘೋಷಿಸಿ ತನ್ನ ವಿರೋಧಿಗಳನ್ನು ಸೆರೆಹಿಡಿಸಿದನು, ಕೆಲವರನ್ನು ದೂರದ ಅಮೆಜಾನ್ ಕೋಟೆಗಳಿಗೆ ಗಡೀಪಾರು ಮಾಡಿದನು. ತುರ್ತುಸ್ಥಿತಿ ಮುಗಿದ ಮೇಲೆ ಅದರ ಬಲದಿಂದ ವಿಧಿಸಿದ ಬಂಧನವೂ ಮುಗಿಯಲೇಬೇಕೆಂದು ರೂಯಿಯು ಸರ್ವೋಚ್ಚ ನ್ಯಾಯಾಲಯದ ಮುಂದೆ ಹೇಬಿಯಸ್ ಕಾರ್ಪಸ್ ಅರ್ಜಿಯಲ್ಲಿ ವಾದಿಸಿದನು. ಅರ್ಜಿ ಬಿದ್ದುಹೋಯಿತು, ಪೀಜ಼ ಎ ಅಲ್ಮೇಯ್ದ ಎಂಬ ಒಬ್ಬ ನ್ಯಾಯಾಧೀಶನು ಮಾತ್ರ ಭಿನ್ನಮತವನ್ನು ಕೊಟ್ಟನು. ಆರು ವರ್ಷಗಳ ತರುವಾಯ, 1898ರಲ್ಲಿ, ಬೇರೊಂದು ಪ್ರಕರಣದಲ್ಲಿ ಅದೇ ನ್ಯಾಯಾಲಯವು ಅದೇ ತತ್ತ್ವವನ್ನು ಅಂಗೀಕರಿಸಿತು. ಸೋತ ವಾದವೊಂದು ಹೀಗೆ ಶಾಸನದ ಬಲವನ್ನು ಪಡೆದ ಉದಾಹರಣೆಗಳು ಹೆಚ್ಚಿಲ್ಲ.

1893ರ ನೌಕಾದಂಗೆಯ ಕಾಲದಲ್ಲಿ ಆತನು ದೇಶ ಬಿಟ್ಟು ಬ್ಯೂನಸ್ ಐರಿಸ್, ಲಿಸ್ಬನ್, ಕಡೆಗೆ ಲಂಡನ್ ಸೇರಿದನು. ಅಲ್ಲಿಂದ ಪತ್ರಿಕೆಗೆ ಬರೆದ ಲೇಖನಗಳಲ್ಲಿ ಡ್ರೈಫಸನ ವಿಚಾರಣೆಯನ್ನು 1895ರ ಜನವರಿಯಷ್ಟು ಮೊದಲೇ ಖಂಡಿಸಿದ್ದಾನೆ. 1907ರ ಹೇಗ್ ಶಾಂತಿ ಸಮ್ಮೇಳನದಲ್ಲಿ 44 ರಾಷ್ಟ್ರಗಳ ಪ್ರತಿನಿಧಿಗಳ ಎದುರು, ಸಣ್ಣ ರಾಷ್ಟ್ರವೂ ದೊಡ್ಡ ರಾಷ್ಟ್ರವೂ ನ್ಯಾಯದ ಮುಂದೆ ಸಮವೆಂದು ಸಾಧಿಸಿದುದರಿಂದ ಆತನ ಕೀರ್ತಿ ಹರಡಿತು. 1910ರಲ್ಲಿ ಸೈನ್ಯಾಧಿಪತ್ಯದ ವಿರುದ್ಧ ಊರೂರು ತಿರುಗಿ ಭಾಷಣ ಮಾಡಿ ಅಧ್ಯಕ್ಷಪದವಿಗೆ ಸ್ಪರ್ಧಿಸಿದನು. ಸೇನಾನಿ ಎರ್ಮೆಸ್ ದ ಫೊನ್ಸೇಕನಿಗೆ ಸುಮಾರು 4 ಲಕ್ಷ ಮತಗಳೂ ರೂಯಿಗೆ 2 ಲಕ್ಷಕ್ಕೂ ಹೆಚ್ಚು ಮತಗಳೂ ಬಂದವು. ಗಣರಾಜ್ಯದ ರಾಜ್ಯಾಂಗವೂ ಅನಕ್ಷರಸ್ಥರಿಗೆ ಮತವನ್ನು ಕೊಟ್ಟಿರಲಿಲ್ಲ; ಆತನ ಭಾಷಣ ಕೇಳಲು ನೆರೆದ ಜನರಲ್ಲಿ ಬಹುಮಂದಿಗೆ ಮತ ಹಾಕುವ ಹಕ್ಕೇ ಇರಲಿಲ್ಲ. 1919ರಲ್ಲಿ ಮತ್ತೊಮ್ಮೆ ನಿಂತು ಮತ್ತೊಮ್ಮೆ ಸೋತನು.

1921ರಲ್ಲಿ ಸಾವೊ ಪಾವ್ಲೊ ನಗರದ ನ್ಯಾಯಶಾಸ್ತ್ರ ಪದವೀಧರರಿಗಾಗಿ ಬರೆದ ಭಾಷಣವನ್ನು, ಆತನು ಅಸ್ವಸ್ಥನಾಗಿದ್ದುದರಿಂದ, ಬೇರೊಬ್ಬರು ಓದಬೇಕಾಯಿತು. 1923ರ ಮಾರ್ಚ್ 1ರಂದು ಪೆತ್ರೊಪೊಲಿಸಿನಲ್ಲಿ ಆತನು ಮೃತನಾದನು. ರಿಯೊ ನಗರದ ಬೊತಫೊಗೊ ಬಡಾವಣೆಯಲ್ಲಿದ್ದ ಆತನ ಮನೆಯನ್ನು ಸರಕಾರವು ಕೊಂಡು 1930ರಲ್ಲಿ ವಸ್ತುಸಂಗ್ರಹಾಲಯವಾಗಿ ತೆರೆಯಿತು. ಸಾವಿರಾರು ಗ್ರಂಥಗಳ ಆತನ ಪುಸ್ತಕಾಲಯವೂ, ಆತನ ಪತ್ರಗಳೂ ಟಿಪ್ಪಣಿಗಳೂ ಅಲ್ಲಿ ಜತನವಾಗಿ ರಕ್ಷಿತವಾಗಿವೆ.